ಎಂಟು ದಿನದ ಬಡ್ಡಿ

ಮಹಾದೇವಕ್ಕನ ಹೆಸರಿಗೆ ಜನ್ಮದಲ್ಲಿ ಮೊದಲ ಟಪಾಲು ಬಂದಾಗ ಅವಳಿಗೆ ಐವತ್ತೆರಡು ವರ್ಷ. ಅಥಣಿ ಕಡೆಯ ಹೆಣ್ಣುಮಗಳು, ಹದಿನೇಳಕ್ಕೆ ಮದುವೆಯಾಗಿ ಮರಾಠಿ ಸೀಮೆಯ ಕಲ್ಯಾಣಕ್ಕೆ ಬಂದವಳು. ಅಲ್ಲಿಂದ ಮೂವತ್ತೈದು ವರ್ಷ ತವರಿನ ಕಾಗದವೂ ಗಂಡನ ಹೆಸರಿಗೆ, ಲೈಟ್ ಬಿಲ್ಲೂ ಗಂಡನ ಹೆಸರಿಗೆ. ಮದುವೆಯ ಆಮಂತ್ರಣ ಬಂದರೆ ಅದರ ಮೇಲೆ ‘ಶ್ರೀ ಅಪ್ಪಾಸಾಹೇಬ ಮತ್ತು ಕುಟುಂಬ’. ಆ ಕುಟುಂಬ ಅಂದರೆ ತಾನೇ ಅಂತ ಅವಳು ಸಮಾಧಾನ ಮಾಡಿಕೊಂಡಿದ್ದಳು. ಹೀಗಿರುವಾಗ ಎರಡು ಸಾವಿರದ ಆರನೇ ಇಸವಿಯ ದೀಪಾವಳಿಯ ಹೊತ್ತಿಗೆ ಪೋಸ್ಟ್‌ಮನ್ ಬಾಗಿಲಲ್ಲಿ ನಿಂತು ಅವಳ ಪೂರ್ತಿ ಹೆಸರು ಕೂಗಿ ಸಹಿ ಕೇಳಿದಾಗ, ಪಾಪ, ಅವಳಿಗೆ ಒಳಗೊಳಗೇ ಖುಷಿಯಾಯಿತು. ಸೆರಗಿಗೆ ಕೈ ಒರೆಸಿಕೊಂಡು ಕನ್ನಡದಲ್ಲಿ ‘ಮಹಾದೇವಿ’ ಅಂತ ದುಂಡಗೆ ಬರೆದು ತೆಗೆದುಕೊಂಡಳು.

ಸಂಜೆ ಮಗ ರವಿಕಿರಣ್ ಆಫೀಸಿನಿಂದ ಬಂದು ಒಡೆದು ಓದಿದ. ಅದು ವಕೀಲರ ನೋಟೀಸು. ಟಿಟ್ವಾಳಾದ ಎರಡೂವರೆ ಗುಂಟೆ ಜಾಗ ಮಾರುತ್ತೇನೆಂದು ಕರಾರು ಮಾಡಿ, ಒಂದೂವರೆ ಲಕ್ಷ ಮುಂಗಡ ತೆಗೆದುಕೊಂಡು, ಅದೇ ಜಾಗವನ್ನು ಬೇರೆಯವರಿಗೆ ಮಾರಿ ನೀವು ಕರಾರು ಮುರಿದಿದ್ದೀರಿ. ಮುಂಗಡವನ್ನು ಬಡ್ಡಿಸಹಿತ ವಾಪಸು ಕೊಡಿ, ಇಲ್ಲವಾದರೆ ಕೋರ್ಟಿನಲ್ಲಿ ನೋಡಿಕೊಳ್ಳುತ್ತೇವೆ ಅಂತ ಇತ್ತು. ಕಳಿಸಿದವಳು ಡೊಂಬಿವಲಿಯ ರತ್ನಾವತಿ. ಕರಾರು ಮುರಿದವಳು ಅಂತ ಬರೆದದ್ದು ಮಹಾದೇವಕ್ಕನನ್ನು. ಮಗ ಓದಿ ಮುಗಿಸಿದ. ಅವಳು ತುಟಿ ಪಿಟಕ್ಕೆನ್ನಲಿಲ್ಲ. ಯಾಕೆಂದರೆ ಅದರಲ್ಲಿದ್ದದ್ದು ನಿಜ ಎಂಬುದು ಆ ಮನೆಯಲ್ಲಿ ಗೊತ್ತಿದ್ದದ್ದು ಅವಳೊಬ್ಬಳಿಗೇ.

ಈ ಗಂಟು ಹೇಗೆ ಬಿತ್ತು ಅನ್ನುವುದಕ್ಕೆ ಸ್ವಲ್ಪ ಹಿಂದೆ ಹೋಗಬೇಕು.

ಅಪ್ಪಾಸಾಹೇಬ ಕಲ್ಯಾಣದ ಮಾರ್ಕೆಟ್ಟಿನಲ್ಲಿ ಮೆಣಸಿನಕಾಯಿ ವ್ಯಾಪಾರಿ. ಕೆಟ್ಟವನಲ್ಲ, ಅದನ್ನು ಮೊದಲೇ ಹೇಳಿಬಿಡುತ್ತೇನೆ. ತೂಕದಲ್ಲಿ ಮೋಸವಿಲ್ಲ, ಬ್ಯಾಡಗಿ ಅಂತ ಹೇಳಿ ಬೇರೆ ಕಾಯಿ ಕೊಟ್ಟವನಲ್ಲ. ಚೌಕಾಶಿ ಮಾಡಿದರೆ ಬೆಲೆ ಬಿಟ್ಟಾನು, ತಾರೀಕು ಮಾತ್ರ ಬಿಡುವವನಲ್ಲ. ಹತ್ತನೇ ತಾರೀಕಿಗೆ ದುಡ್ಡು ಅಂದರೆ ಹತ್ತು. ಹನ್ನೊಂದಕ್ಕೆ ಆ ಮಾಲು ಬೇರೆಯವರ ಲಾರಿಯಲ್ಲಿ. ಮಾರ್ಕೆಟ್ಟಿನ ಬದುಕೇ ಹಾಗೆ, ಅದಕ್ಕೆ ಅವನನ್ನೊಬ್ಬನನ್ನೇ ಬೈದು ಏನು ಫಲ?

ಮದುವೆಯಾದ ಹೊಸತರಲ್ಲಿ ಅಂಗಡಿಯ ಹಿಂದೆಯೇ ಮನೆ. ಒಂದು ದಿನ ಅಪ್ಪಾಸಾಹೇಬ ಬ್ಯಾಂಕಿಗೆ ಹೋಗಿದ್ದಾಗ ಖಾನಾವಳಿಯವನೊಬ್ಬ ಬಂದು ಎರಡು ಚೀಲ ಬೇಕು, ದುಡ್ಡು ಶನಿವಾರ ಕೊಡುತ್ತೇನೆ ಅಂದ. ಮಹಾದೇವಕ್ಕನಿಗೆ ಅವನ ಮುಖ ನೋಡಿ ಮರುಕ ಬಂತು. ಒಯ್ಯಿರಿ, ಶನಿವಾರವೇ ಕೊಡಿರಿ ಅಂದುಬಿಟ್ಟಳು. ಗಂಡ ಬಂದ, ವಿಷಯ ಕೇಳಿದ, ಉರಿದುಬಿದ್ದ. ಹಮಾಲನನ್ನು ಕಳಿಸಿ ಚೀಲ ವಾಪಸು ತರಿಸೋಣ ಅಂತ ಗುಮಾಸ್ತ ಹೇಳಿದ್ದಕ್ಕೆ ಮಾತ್ರ ಒಪ್ಪಲಿಲ್ಲ. ಅವತ್ತು ಅವನು ಎರಡು ಮಾತು ಹೇಳಿದ. ಗುಮಾಸ್ತನಿಗೆ ಹೇಳಿದ್ದು: ನಮ್ಮ ಹೊಸ್ತಿಲೊಳಗೆ ನಿಂತು ಯಾರು ಮಾತು ಕೊಟ್ಟರೂ ಅದು ಅಂಗಡಿಯ ಮಾತು, ತಿರುಗಿಸಲಿಕ್ಕೆ ಬರುವುದಿಲ್ಲ. ಹೆಂಡತಿಗೆ ಹೇಳಿದ್ದು: ಇನ್ನು ಮೇಲೆ ವ್ಯವಹಾರದಲ್ಲಿ ಬಾಯಿ ಹಾಕಬೇಡ. ಮಹಾದೇವಕ್ಕ ಎರಡನೆಯದನ್ನಷ್ಟೇ ಸೆರಗಿಗೆ ಗಂಟು ಹಾಕಿಕೊಂಡಳು. ಮೊದಲನೆಯದು ಕಿವಿಗೆ ಬಿದ್ದರೂ ತಲೆಗೆ ಹೋಗಲಿಲ್ಲ, ಕಣ್ಣಲ್ಲಿ ಅಷ್ಟು ನೀರು ತುಂಬಿತ್ತು.

ಆಮೇಲೆ ಅವಳು ರೊಟ್ಟಿ ಬಡಿದಳು, ಶೇಂಗಾ ಹೋಳಿಗೆ ಮಾಡಿದಳು, ಮಗನನ್ನು ಸಾಕಿದಳು, ನೆರೆಯ ಮರಾಠಿ ಬಾಯಂದಿರ ಜೊತೆ ಹಪ್ಪಳ ಒತ್ತಿದಳು. ವ್ಯವಹಾರದ ವಿಷಯಕ್ಕೆ ಮಾತ್ರ ಬಾಯಿಗೆ ಬೀಗ. ಟಿಟ್ವಾಳಾದ ಆ ಜಾಗವನ್ನು ಅಪ್ಪಾಸಾಹೇಬ ಅವಳ ಹೆಸರಿನಲ್ಲೇ ತೆಗೆದುಕೊಂಡಿದ್ದ. ಪ್ರೀತಿಯಿಂದ ಅಂತ ತಿಳಿಯಬೇಡಿ. ಅಂಗಡಿ ನಾಳೆ ಮುಳುಗಿದರೂ ಹೆಂಡತಿಯ ಹೆಸರಿನದು ಉಳಿದೀತು ಅನ್ನುವ ವ್ಯಾಪಾರಸ್ಥರ ರೂಢಿ. ತೋರಿಸಿದಲ್ಲಿ ಸಹಿ ಹಾಕಿದ್ದು ಬಿಟ್ಟರೆ ಆ ಜಾಗಕ್ಕೂ ಅವಳಿಗೂ ಸಂಬಂಧವಿರಲಿಲ್ಲ. ಕಣ್ಣಿಂದ ನೋಡಿದ್ದು ಎರಡೇ ಸಲ, ಅಲ್ಲಿಯ ಗಣಪತಿಯ ದರ್ಶನಕ್ಕೆ ಹೋದಾಗ, ರಿಕ್ಷಾದಲ್ಲಿ ಕೂತೇ.

ರತ್ನಾವತಿಯ ಗಂಡ ಜಯಶೀಲ ಡೊಂಬಿವಲಿಯ ಒಂದು ಉಡುಪಿ ಹೋಟೆಲಿನ ಮ್ಯಾನೇಜರು. ಇಪ್ಪತ್ತೇಳು ವರ್ಷ ಇನ್ನೊಬ್ಬರ ಗಲ್ಲಾದ ಮೇಲೆ ಕೂತು ಇನ್ನೊಬ್ಬರ ದುಡ್ಡು ಎಣಿಸಿದವನು. ಹೋಟೆಲಿಗೆ ಮೆಣಸಿನಕಾಯಿ ಹೋಗುತ್ತಿದ್ದದ್ದು ಅಪ್ಪಾಸಾಹೇಬನ ಅಂಗಡಿಯಿಂದ, ಪರಿಚಯ ಹಾಗಾಯಿತು. ಗಂಡಹೆಂಡತಿ, ಒಬ್ಬಳು ಮಗಳು, ವಠಾರದಂಥ ಚಾಳಿನ ಒಂದೇ ಕೋಣೆ. ಗ್ಯಾಲರಿಯ ಕಂಬಿಗೆ ಒರಗಿಸಿ ರತ್ನಾವತಿ ಆರು ಡಬ್ಬಿಗಳಲ್ಲಿ ಊರಿನ ಮಲ್ಲಿಗೆ ಬೆಳೆಸುತ್ತಿದ್ದಳು. ಎಣ್ಣೆಯ ಹಳೇ ಡಬ್ಬಿ, ಅದರಲ್ಲಿ ಹಿಡಿ ಮಣ್ಣು, ಆ ಮಣ್ಣಿನಲ್ಲಿ ಹೂವು ಎಷ್ಟು ಬಂದೀತು? ಕಾಲ ಕೆಳಗೆ ಒಂದಿಷ್ಟು ಸ್ವಂತ ಮಣ್ಣು ಬೇಕು, ಅದರಲ್ಲಿ ಎರಡು ಕೋಣೆ, ಉಳಿದಲ್ಲೆಲ್ಲ ಮಲ್ಲಿಗೆ. ಅವಳ ಆಸೆ ಅಷ್ಟೇ. ಗಂಡನ ಫಂಡಿನ ದುಡ್ಡಿಗೆ ತನ್ನ ನಾಲ್ಕು ಬಳೆ ಸೇರಿಸಿ ಮುಂಗಡ ಹೊಂದಿಸಿದರು.

ಕರಾರಿನ ಕಾಗದಕ್ಕೆ ಸಹಿ ಬಿದ್ದದ್ದು ಅಕ್ಷಯ ತದಿಗೆಯ ದಿನ. ಇವರಿಗೆ ಅದೇ ದಿನ ಬಸವ ಜಯಂತಿ. ಎರಡೂ ಕಡೆಯವರಿಗೆ ಒಳ್ಳೆಯ ದಿನ, ಎಲ್ಲರ ಬಾಯಲ್ಲೂ ಪೇಢೆ. ಒಟ್ಟು ಐದು ಲಕ್ಷ, ಮುಂಗಡ ಒಂದೂವರೆ, ಉಳಿದದ್ದು ಆಗಸ್ಟ್ ಹತ್ತರೊಳಗೆ. ಕೊಳ್ಳುವವರು ಗಡುವು ತಪ್ಪಿಸಿದರೆ ಮುಂಗಡ ಹೋಯಿತು. ಮಾರುವವರು ಮಾತು ತಪ್ಪಿದರೆ ಕೊಟ್ಟ ದಿನದಿಂದ ಲೆಕ್ಕ ಹಾಕಿ ವರ್ಷಕ್ಕೆ ನೂರಕ್ಕೆ ಹದಿನೆಂಟರ ಬಡ್ಡಿಯೊಡನೆ ವಾಪಸು. ರತ್ನಾವತಿ ಕಾಗದದ ಮೇಲೆ ಹೆಸರು ನೋಡಿ ಮಹಾದೇವಕ್ಕನ ಕೈ ಹಿಡಿದುಕೊಂಡು, ಜಾಗ ನಿಮ್ಮದಾ ಅಕ್ಕ, ಹೆಣ್ಣಿನ ಕೈಯಿಂದ ಬರುವ ಮಣ್ಣು, ಒಳ್ಳೆಯದಾಯಿತು ಅಂದಳು. ಉಡುಪಿ ಸೀಮೆಯವಳು, ಅವಳ ಕಡೆ ಅಳಿಯಸಂತಾನ. ಆಸ್ತಿ ತಾಯಿಯಿಂದ ಮಗಳಿಗೆ ಬರುವ ಮನೆತನದವಳು. ಕಾಗದದಲ್ಲಿ ಹೆಣ್ಣಿನ ಹೆಸರಿದ್ದರೆ ಯಜಮಾನಿಕೆಯೂ ಹೆಣ್ಣಿನದೇ ಅಂತ ಅವಳು ನಂಬಿದಳು. ಮಹಾದೇವಕ್ಕ ನಕ್ಕು ಸುಮ್ಮನಾದಳು.

ಜುಲೈ ಕೊನೆಯ ವಾರ ಜಡಿಮಳೆಯಲ್ಲಿ ರತ್ನಾವತಿ ಒಬ್ಬಳೇ ಲೋಕಲ್ ಹಿಡಿದು ಕಲ್ಯಾಣಕ್ಕೆ ಬಂದಳು. ಕೈಯಲ್ಲಿ ಡಬ್ಬಿ ತುಂಬ ಪತ್ರೊಡೆ. ಅಪ್ಪಾಸಾಹೇಬ ಮಾರ್ಕೆಟ್ಟಿನಲ್ಲಿದ್ದ. ಕೆಸುವಿನೆಲೆಯಲ್ಲಿ ಇಂಥದ್ದೊಂದು ತಿಂಡಿಯಾಗುತ್ತದೆ ಅಂತ ಮಹಾದೇವಕ್ಕ ಕೇಳಿರಲೇ ಇಲ್ಲ. ಎರಡು ತಿಂದಳು, ಮೂರನೆಯದಕ್ಕೆ ಕೈ ಹಾಕಿದಳು. ಆಗ ರತ್ನಾವತಿ ಬಂದ ಕೆಲಸ ಹೇಳಿದಳು. ಅವರಿಗೆ ಈಗ ಆಟಿ ತಿಂಗಳು. ಆಟಿಯಲ್ಲಿ ಹೊಸತು ಎಂಥದೂ ಮಾಡುವ ಹಾಗಿಲ್ಲ, ಭೂಮಿಯ ಕೆಲಸವಂತೂ ಮುಟ್ಟುವ ಹಾಗೇ ಇಲ್ಲ. ಕಾಗದ ಮಾಡುವಾಗ ಸಂತೋಷದಲ್ಲಿ ಆಗಸ್ಟ್ ಹತ್ತು ಅಂದರೆ ಆಟಿಯ ಒಳಗೆ ಬೀಳುತ್ತದೆ ಅನ್ನುವುದು ಅವರ ತಲೆಗೇ ಬರಲಿಲ್ಲ. ಹದಿನೇಳಕ್ಕೆ ಆಟಿ ಮುಗಿದು ಸೋಣದ ಸಂಕ್ರಮಣ, ಹದಿನೆಂಟು ಶುಕ್ರವಾರ. ಅವತ್ತು ದುಡ್ಡು ತಂದರೆ ಆಗಬಹುದಾ ಅಂತ ಕೇಳಿದಳು.

ಎತ್ತು ಏರಿಗೆಳೆಯಿತು, ಕೋಣ ನೀರಿಗೆಳೆಯಿತು ಅಂದ ಹಾಗಾಯಿತು ನೋಡಿ. ಮಹಾದೇವಕ್ಕನ ಲೆಕ್ಕದಲ್ಲಿ ನಾಗರ ಅಮಾವಾಸ್ಯೆ ಕಳೆದು ಆಗಲೇ ಶ್ರಾವಣ ಹುಟ್ಟಿತ್ತು, ಶ್ರಾವಣಕ್ಕಿಂತ ಒಳ್ಳೆಯ ತಿಂಗಳುಂಟೇ? ಆದರೂ ಇನ್ನೊಬ್ಬರ ನಂಬಿಕೆಗೆ ಹೆಸರಿಡುವ ಹೆಂಗಸಲ್ಲ ಅವಳು. ಎದುರಿಗೆ ಕೂತವಳ ಸೀರೆಯ ಅಂಚಿನಿಂದ ನೀರು ಇಳಿಯುತ್ತಿತ್ತು. ಬಾಯಲ್ಲಿ ಪತ್ರೊಡೆ. ಮೂವತ್ತು ಚಿಲ್ಲರೆ ವರ್ಷದ ಬೀಗ ತಾನಾಗಿ ಬಿಚ್ಚಿಕೊಂಡಿತು.

“ಎಂಟ ದಿನದಾಗ ಮಣ್ಣೇನ ಎದ್ದ ಓಡಿ ಹೋಗತೈತೇನ್ರಿ ಬಾಯಾರ?” ಅಂದಳು. “ನಿಮ್ಮ ಆಟಿ ಮುಗಿಸಿಕೊಂಡ ಬರ್ರಿ. ಮನ್ಯಾಗ ನಾ ಹೇಳತೀನಿ.”

ರತ್ನಾವತಿ ನಿಶ್ಚಿಂತೆಯಿಂದ ಹೋದಳು. ಜಾಗದ ಒಡತಿಯೇ ಹೇಳಿದ ಮೇಲೆ ಗಂಡಸರ ಹತ್ತಿರ ಇನ್ನೇನು ಕೇಳುವುದು?

ಮನೆಯಲ್ಲಿ ಹೇಳುತ್ತೇನೆ ಅಂದವಳು ಹೇಳಲಿಲ್ಲ. ಅವತ್ತು ರಾತ್ರಿ ಗಂಡ ಊಟಕ್ಕೆ ಕೂತಾಗ ಬಾಯಿಯವರೆಗೆ ಬಂತು. ಅಷ್ಟರಲ್ಲಿ ಆ ಹಳೆಯ ಎರಡು ಚೀಲ ಮೆಣಸಿನಕಾಯಿ ನೆನಪಾಯಿತು. ವ್ಯವಹಾರದಲ್ಲಿ ಯಾಕೆ ಬಾಯಿ ಹಾಕಿದೆ ಅಂದರೆ? ಇರಲಿ, ನಾಳೆ ಹೇಳಿದರಾಯಿತು, ಅವರೇ ಒಂದು ಫೋನ್ ಮಾಡಿಯಾರು ಅಂತ ಮುಂದೂಡಿದಳು. ನಾಳೆ, ನಾಡಿದ್ದು ಅನ್ನುತ್ತ ದಿನ ಹೋದವು.

ಆಗಸ್ಟ್ ಹತ್ತರಂದು ಅಪ್ಪಾಸಾಹೇಬ ಅಂಗಡಿಯಲ್ಲಿ ದೀಪ ಹಚ್ಚುವ ತನಕ ಕಾದ. ಯಾರೂ ಬರಲಿಲ್ಲ. ತಾನಾಗಿ ಫೋನ್ ಮಾಡುವ ಜಾಯಮಾನ ಅವನದಲ್ಲ, ಕರೆದು ಹಂಚಲಿಕ್ಕೆ ಇದೇನು ಪ್ರಸಾದವೇ ಅನ್ನುವವನು. ಮರುದಿನ ಏಜೆಂಟನೊಬ್ಬ ಏಳೂವರೆ ಲಕ್ಷದ ಗಿರಾಕಿಯನ್ನು ತಂದ. ಹದಿನಾಲ್ಕಕ್ಕೆ ಶ್ರಾವಣ ಸೋಮವಾರ, ಇನ್ನೇನು ಬೇಕು? ಹೆಂಡತಿಯನ್ನು ರಿಜಿಸ್ಟ್ರಾರ್ ಕಚೇರಿಗೆ ಕರೆದುಕೊಂಡು ಹೋದ. ಅವಳದು ಉಪವಾಸ, ಬೇಗ ಮುಗಿಸಿ ಮನೆಗೆ ಹೋಗಿ ಪೂಜೆ ಮಾಡುವ ಅವಸರ. ಟಿಟ್ವಾಳಾದ ಕಾಗದ, ಸಹಿ ಹಾಕು ಅಂದರು, ಹಾಕಿದಳು. ಹೆಬ್ಬೆಟ್ಟು ಒತ್ತು ಅಂದರು, ಒತ್ತಿದಳು. ಯಂತ್ರದ ಮುಂದೆ ಕೂರಿಸಿ ಫೋಟೋ ತೆಗೆದರು. ರತ್ನಾವತಿ ಯಾಕೆ ಕಾಣುತ್ತಿಲ್ಲ ಅಂತ ಮನಸ್ಸಿಗೆ ಬಂದದ್ದು ನಿಜ. ಅವರ ಸಹಿ ಹದಿನೆಂಟಕ್ಕೆ ಇರಬೇಕು ಅಂದುಕೊಂಡಳು.

ಹದಿನೆಂಟರ ಬೆಳಿಗ್ಗೆ ರತ್ನಾವತಿ, ಜಯಶೀಲ ಇಬ್ಬರೂ ಬಂದರು. ಬ್ಯಾಂಕಿನ ಡ್ರಾಫ್ಟು, ಒಂದು ತೆಂಗಿನಕಾಯಿ, ಆರು ಡಬ್ಬಿಯಲ್ಲಿ ಬಿಟ್ಟ ಅಷ್ಟೂ ಹೂವು ಕಟ್ಟಿದ ಒಂದು ಮೊಳ ಮಲ್ಲಿಗೆ. ಚಪ್ಪಲಿ ಬಿಡುತ್ತಲೇ ರತ್ನಾವತಿ ಆ ಹೂವನ್ನು ಮಹಾದೇವಕ್ಕನ ಕೈಗಿಟ್ಟಳು. ಆಮೇಲೆ ಅಪ್ಪಾಸಾಹೇಬ ಹೇಳಿದ: ಗಡುವು ಮುಗಿಯಿತು, ಜಾಗ ಹೋಯಿತು, ಕರಾರಿನ ಪ್ರಕಾರ ಮುಂಗಡವೂ ಹೋಯಿತು. ಜಯಶೀಲನ ಮುಖ ಬಿಳುಚಿತು. ರತ್ನಾವತಿ ಮಾತ್ರ ಗಾಬರಿಯಾಗಲಿಲ್ಲ, ಏನೋ ತಪ್ಪು ತಿಳುವಳಿಕೆಯಾಗಿದೆ ಅನ್ನುವಂತೆ, ನಾನು ಅಕ್ಕನಿಗೆ ಹೇಳಿದ್ದೆನಲ್ಲ ಅಂದಳು.

ಅಪ್ಪಾಸಾಹೇಬ ಹೆಂಡತಿಯ ಕಡೆ ತಿರುಗಿದ. “ನಿನಗ ಹೇಳಿದ್ದರೇನು ಇವರು?”

ಮಲ್ಲಿಗೆ ಇನ್ನೂ ಅವಳ ಅಂಗೈಯಲ್ಲೇ ಇತ್ತು. ಗಂಡನ ಕಣ್ಣು ನೋಡಿದಳು.

“ಇಲ್ಲರೀ,” ಅಂದಳು.

ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು. ರತ್ನಾವತಿ ಅವಳನ್ನು ಒಂದು ಸಲ ನೋಡಿದಳು, ಗಂಡನ ತೋಳು ಹಿಡಿದು ಮೆಟ್ಟಿಲಿಳಿದು ಹೋದಳು. ಬೈದಿದ್ದರೆ ಎಷ್ಟೋ ವಾಸಿಯಿತ್ತು ಅಂತ ಮಹಾದೇವಕ್ಕ ಆಮೇಲೆ ಏಳು ವರ್ಷ ಅಂದುಕೊಂಡಳು.

ನೋಟೀಸಿನ ಬೆನ್ನಿಗೆ ದಾವೆ ಬಂತು. ವಾದಿ ರತ್ನಾವತಿ, ಒಂದನೇ ಪ್ರತಿವಾದಿ ಮಹಾದೇವಿ. ಗಡುವನ್ನು ಒಡತಿಯೇ ಬಾಯಿಮಾತಿನಲ್ಲಿ ಎಂಟು ದಿನ ಮುಂದೆ ಹಾಕಿದ್ದರು ಅಂತ ಅವರ ವಕೀಲರು ಬರೆದರು. ಅಂಥ ಮಾತೇ ನಡೆದಿಲ್ಲ ಅಂತ ಇವರ ವಕೀಲರು ಉತ್ತರ ಬರೆದರು, ಮಹಾದೇವಕ್ಕ ಅದಕ್ಕೂ ಸಹಿ ಹಾಕಿದಳು. ಕೋರ್ಟಿನಲ್ಲಿ ಗೆದ್ದವ ಸೋತ, ಸೋತವ ಸತ್ತ ಅನ್ನುತ್ತಾರೆ. ಇಲ್ಲಿ ಯಾರೂ ಗೆಲ್ಲಲೂ ಇಲ್ಲ, ಸೋಲಲೂ ಇಲ್ಲ, ತಾರೀಕಿನ ಮೇಲೆ ತಾರೀಕು. ಶನಿಯ ಸಾಡೇಸಾತಿಯೂ ಏಳೂವರೆ ವರ್ಷಕ್ಕೆ ಬಿಡುತ್ತದೆ, ಇದು ಅದಕ್ಕೂ ಪೈಪೋಟಿ ಕೊಟ್ಟಿತು.

ಪ್ರತಿ ತಾರೀಕಿಗೂ ಅಪ್ಪಾಸಾಹೇಬ ಹೆಂಡತಿಯನ್ನು ಕರೆದುಕೊಂಡು ಹೋಗುತ್ತಿದ್ದ, ಕಾಗದದಲ್ಲಿ ಹೆಸರು ಅವಳದಲ್ಲವೇ. ಗಂಡಸರಿಬ್ಬರೂ ಬೇರೆ ಬೇರೆ ಟಪರಿಯಲ್ಲಿ ಚಹಾ ಕುಡಿಯುವರು. ಹೆಂಗಸರಿಗೆ ಕೂರಲಿಕ್ಕೆ ವರಾಂಡದಲ್ಲಿ ಇದ್ದದ್ದು ಒಂದೇ ಬೆಂಚು. ಮೊದಲ ವರ್ಷ ನಡುವೆ ಇಬ್ಬರು ಕೂರುವಷ್ಟು ಜಾಗ ಬಿಟ್ಟು ಕೂತರು. ಎರಡನೇ ಮಳೆಗಾಲದಲ್ಲಿ ರತ್ನಾವತಿಯ ಚಪ್ಪಲಿಯ ಬಾರು ಕಿತ್ತಾಗ ಮಹಾದೇವಕ್ಕ ಬಳೆಗೆ ಸಿಕ್ಕಿಸಿದ್ದ ಪಿನ್ನು ತೆಗೆದು ಕೊಟ್ಟಳು. ಅಲ್ಲಿಂದ ಅಷ್ಟಿಷ್ಟು ಮಾತು. ರತ್ನಾವತಿಯ ಮಗಳು ನಿಶ್ಮಿತಾಳ ಮದುವೆಯಾಯಿತು. ರವಿಕಿರಣ್ ನೆರೂಳಿನಲ್ಲಿ ಮನೆ ಮಾಡಿದ. ಇವಳಿಗೆ ಮೊಣಕಾಲು ನೋವು, ಅವಳಿಗೆ ಸಕ್ಕರೆ ಕಾಯಿಲೆ. ಆ ಒಂದು ಮಾತು ಮಾತ್ರ ಬರುತ್ತಿರಲಿಲ್ಲ. ಒಂದು ಸಲ ಮಹಾದೇವಕ್ಕನೇ ಧೈರ್ಯ ಮಾಡಿ, ಬಾಯಾರ, ಅವತ್ತ, ಅಂತ ಶುರುಮಾಡಿದಳು. ಬೇಡ ಅಕ್ಕ, ಕೇಸಿನ ಮಾತು ಆಡಬಾರದು ಅಂದಿದ್ದಾರೆ ವಕೀಲರು ಅಂತ ರತ್ನಾವತಿ ಮೆತ್ತಗೆ ತಡೆದಳು. ತಡೆದು, ತನ್ನ ಚೀಲವನ್ನು ತೊಡೆಯ ಮೇಲಿಟ್ಟುಕೊಂಡು ಇವಳಿಗೆ ಇನ್ನಷ್ಟು ಜಾಗ ಮಾಡಿಕೊಟ್ಟಳು.

ಐದನೇ ವರ್ಷ ಡೊಂಬಿವಲಿಯ ಚಾಳು ಕೆಡವಿದರು. ಹೊಸ ಕಟ್ಟಡ ಏಳುವ ತನಕ ಬಾಡಿಗೆಯ ಮನೆ, ಮೂರನೇ ಮಾಳಿಗೆ, ಗ್ಯಾಲರಿಯಿಲ್ಲ. ಮಲ್ಲಿಗೆ ಗಿಡ ಏನು ಮಾಡಿದಿರಿ ಅಂತ ಮಹಾದೇವಕ್ಕ ಕೇಳಿದ್ದಕ್ಕೆ ರತ್ನಾವತಿ, ಯಾರಿಗೋ ಕೊಟ್ಟೆ ಅಕ್ಕ, ಬಿಸಿಲಿಲ್ಲದೆ ಸಾಯುವುದಕ್ಕಿಂತ ಅದೇ ಒಳ್ಳೆಯದು ಅಂದಳು. ಅವತ್ತು ಮನೆಗೆ ಬಂದ ಮಹಾದೇವಕ್ಕನಿಗೆ ಊಟ ಸೇರಲಿಲ್ಲ. ಊಟಕ್ಕೆ ಕೂತ ಗಂಡ ಎಂದಿನಂತೆ ಅದೇ ಪುರಾಣ ತೆಗೆದ: ಜಯಶೀಲ ಒಳ್ಳೆಯ ಮನುಷ್ಯ ಅಂದುಕೊಂಡಿದ್ದೆ, ಎಂಟು ದಿನದ ಸುಳ್ಳು ಕಟ್ಟಿ ಕೋರ್ಟಿಗೆಳೆದರಲ್ಲ, ಸುಳ್ಳು ಮಂದಿ. ಅವನಿಗೆ ದುಡ್ಡಿಗಿಂತ ಆ ಸುಳ್ಳಿನದೇ ಹೆಚ್ಚು ಸಂಕಟ. ಹೆಂಡತಿಯ ಮಾತನ್ನು ಅಷ್ಟು ಪೂರ್ತಿ ನಂಬಿದ್ದ ಮುದುಕ! ಮಹಾದೇವಕ್ಕ ಅವನ ತಟ್ಟೆಗೆ ರೊಟ್ಟಿ ಬಡಿಸಿದಳು. ಹೇಳಿದರೆ ಗಂಡ ಊರೆದುರು ತಲೆ ತಗ್ಗಿಸಬೇಕು, ಲಕ್ಷಗಟ್ಟಲೆ ಬಡ್ಡಿ ತೆರಬೇಕು; ಹೇಳದಿದ್ದರೆ ಆ ಹೆಂಗಸು ಸುಳ್ಳಿಯಾಗಿಯೇ ಸಾಯಬೇಕು. ದಿನಾ ಲಿಂಗಪೂಜೆಗೆ ಕೂತಾಗ ಇದೇ ತಕ್ಕಡಿ. ಯಾವ ದಿನವೂ ಅದು ಅವಳಿಗೆ ಧೈರ್ಯ ಕೊಡಲಿಲ್ಲ.

ಎರಡು ಸಾವಿರದ ಹದಿಮೂರರ ನವೆಂಬರಿನಲ್ಲಿ ಆ ಕೇಸನ್ನು ಲೋಕ ಅದಾಲತ್ತಿಗೆ ಹಾಕಿದರು. ಒಂದು ಶನಿವಾರ, ಕೋರ್ಟಿನ ಹಾಲಿನಲ್ಲಿ ಸಾಲು ಮೇಜು, ಮೇಜಿಗೊಬ್ಬರು ಹಿರಿಯರು. ಕಟಕಟೆಯಿಲ್ಲ, ಪ್ರಮಾಣವಿಲ್ಲ, ಎದುರುಬದುರು ಕುರ್ಚಿ ಹಾಕಿಕೊಂಡು ರಾಜಿ ಮಾಡಿಕೊಳ್ಳುವುದು. ಇವರ ಮೇಜಿಗೆ ಸಿಕ್ಕವರು ನಿವೃತ್ತ ನ್ಯಾಯಾಧೀಶರು, ಕನ್ನಡಕ ಹಣೆಗೇರಿಸಿಕೊಂಡು ಮರಾಠಿಯಲ್ಲಿ ಸಾವಕಾಶ ಮಾತಾಡುವವರು. ಪಕ್ಕದಲ್ಲಿ ಕ್ಯಾಲ್ಕ್ಯುಲೇಟರ್ ಹಿಡಿದ ಗುಮಾಸ್ತೆ.

ಅಪ್ಪಾಸಾಹೇಬ ಹೇಳಿದ: ವಯಸ್ಸಾಯಿತು, ಸಾಕಾಯಿತು, ಅಸಲು ಒಂದೂವರೆ ಲಕ್ಷ ಇವತ್ತೇ ಕೊಡುತ್ತೇನೆ, ಬಡ್ಡಿ ಒಂದು ಪೈಸೆ ಕೊಡುವುದಿಲ್ಲ, ಗಡುವು ತಪ್ಪಿಸಿದವರು ಅವರು. ಜಯಶೀಲ ಹೇಳಿದ: ಬಡ್ಡಿಯಿಲ್ಲದೆ ಮುಟ್ಟುವುದಿಲ್ಲ. ಹದಿನೆಂಟು ಬೇಡ, ಹನ್ನೆರಡು ಕೊಡಲಿ, ಹತ್ತು ಕೊಡಲಿ. ಆದರೆ ಬಡ್ಡಿ ಅಂತ ಕೊಡಲಿ. ಬರಿಯ ಅಸಲು ತೆಗೆದುಕೊಂಡು ಹೋದರೆ ನನ್ನ ಹೆಂಡತಿ ಸುಳ್ಳು ಹೇಳಿದಳು ಅಂತ ನಾನೇ ಒಪ್ಪಿದ ಹಾಗೆ. ಗಲ್ಲಾದ ಹಿಂದೆ ಒಂದು ದಿನವೂ ಗಟ್ಟಿಯಾಗಿ ಮಾತಾಡದ ಮನುಷ್ಯನ ದನಿ ಅವತ್ತು ಏರಿತು. ರತ್ನಾವತಿ ತಲೆ ತಗ್ಗಿಸಿ ಕೂತಿದ್ದಳು.

ಹಿರಿಯರು ಕಾಗದ ತಿರುವಿದರು. ಒಡತಿ ಯಾರು ಅಂತ ಕೇಳಿದರು. ಜಾಗ ನನ್ನದೇ ಸಾಹೇಬ, ಹೆಸರಷ್ಟೇ ಅವಳದು, ಅವಳಿಗೇನೂ ತಿಳಿಯುವುದಿಲ್ಲ ಅಂದ ಅಪ್ಪಾಸಾಹೇಬ. ಅವರು ಕನ್ನಡಕ ಇಳಿಸಿ ನಿಧಾನವಾಗಿ ತಿಳಿಹೇಳಿದರು. ಕಾನೂನಿನ ಲೆಕ್ಕದಲ್ಲಿ ಹೆಸರಿದ್ದವರೇ ಒಡೆಯರು. ಈ ಕಾಗದದಲ್ಲಿ ಮಾತು ಕೊಟ್ಟವರು ಈ ಬಾಯಿ, ಗಡುವು ಹಾಕಿದವರು ಇವರು, ಮುಂದೆ ಹಾಕುವುದಿದ್ದರೂ ಇವರೇ ಹಾಕಬೇಕು. ನೀವು ಹೇಳಿದ್ದಕ್ಕೆ ಬೆಲೆಯಿಲ್ಲ, ಇವರು ಹೇಳಿದ್ದಕ್ಕಷ್ಟೇ ಇದೆ. ಹಾಗಂದು ಮಹಾದೇವಕ್ಕನ ಕಡೆ ತಿರುಗಿ, ಬಾಯಿ, ನೀವು ಎಂಟು ದಿನ ಕೊಟ್ಟಿದ್ದಿರೋ ಇಲ್ಲವೋ ಅಂತ ಕೇಳಿದರು.

ಮಹಾದೇವಕ್ಕ ಅವರ ಮುಖವನ್ನೇ ನೋಡಿದಳು. ಅವರು ಹೇಳಿದ್ದರಲ್ಲಿ ಒಂದೇ ಮಾತು ಅವಳ ತಲೆಯಲ್ಲಿ ಸುತ್ತುತ್ತಿತ್ತು: ಇವರು ಹೇಳಿದ್ದಕ್ಕಷ್ಟೇ ಇದೆ. ಎದ್ದು ನಿಂತಳು, ಕೂತೇ ಹೇಳಬಹುದಿತ್ತು, ಆದರೂ ನಿಂತಳು. ಮರಾಠಿ ಬರುತ್ತಿತ್ತು, ಬಾಯಿಗೆ ಬಂದದ್ದು ಕನ್ನಡ.

“ಕೊಟ್ಟಿದ್ದೆ ಸಾಹೇಬ್ರ. ನಿಮ್ಮ ಆಟಿ ಮುಗಿಸಿಕೊಂಡ ಬರ್ರಿ ಅಂತ ನಾನೇ ಹೇಳಿದ್ದೆ.” ಆಮೇಲೆ ಗಂಡನ ಕಡೆ ತಿರುಗಿದಳು. “ಅವತ್ತ ನಿಮ್ಮ ಮುಂದ ಇಲ್ಲ ಅಂದೆ ನೋಡ್ರಿ, ಅದು ಸುಳ್ಳ. ಸುಳ್ಳ ಮಂದಿ ಅವರಲ್ಲ. ನಾನು.”

ಹಿರಿಯರಿಗೆ ಭಾಷೆ ತಿಳಿಯಲಿಲ್ಲ, ವಿಷಯ ತಿಳಿಯಿತು. ಅಪ್ಪಾಸಾಹೇಬ ಟೋಪಿ ತೆಗೆದು ಮೊಣಕಾಲ ಮೇಲಿಟ್ಟುಕೊಂಡ. ಅವನ ತಲೆ ಅಷ್ಟು ಬೆಳ್ಳಗಾಗಿದೆ ಅಂತ ಜಯಶೀಲನಿಗೆ ಅವತ್ತೇ ಗೊತ್ತಾಗಿದ್ದು. ಅಪ್ಪಾಸಾಹೇಬ ಹೆಂಡತಿಯನ್ನು ಕೇಳಿದ:

“ಏಳ ವರ್ಷ ಯಾಕ ಹೇಳಲಿಲ್ಲ?”

“ನೀವ ಬೈತೀರಿ ಅಂತ ಮೊದಲ. ಆಮ್ಯಾಲ…” ಅವಳು ಸೆರಗು ಸರಿಮಾಡಿಕೊಂಡಳು. “ನನ್ನ ಮಾತಿಗೆ ಕಿಮ್ಮತ್ ಐತಿ ಅಂತ ನನಗ ಗೊತ್ತ ಇರಲಿಲ್ಲರೀ.”

ಬೈಯುತ್ತಾನೆ ಅಂತ ಅವಳು ಕಾದಳು. ಅವನು ಬೈಯಲಿಲ್ಲ. ಟೋಪಿಯನ್ನು ಎರಡು ಸಲ ತಿರುವಿ ನೋಡಿ, ಮತ್ತೆ ತಲೆಗಿಟ್ಟುಕೊಂಡು, ಮಾರ್ಕೆಟ್ಟಿನಲ್ಲಿ ಸೌದಾ ಮುಗಿಸುವ ದನಿಯಲ್ಲಿ ಹಿರಿಯರಿಗೆ ಮರಾಠಿಯಲ್ಲಿ ಹೇಳಿದ: ನಮ್ಮ ಹೊಸ್ತಿಲೊಳಗೆ ನಿಂತು ಯಾರು ಮಾತು ಕೊಟ್ಟರೂ ಅದು ಅಂಗಡಿಯ ಮಾತು. ಬಡ್ಡಿ ಹಚ್ಚಿರಿ. ಈ ಮಾತನ್ನು ಅವನು ನಲವತ್ತು ವರ್ಷದ ಹಿಂದೆಯೇ ಹೇಳಿದ್ದ. ಅವತ್ತು ಮಹಾದೇವಕ್ಕ ಕೇಳಿಸಿಕೊಂಡಿದ್ದರೆ, ಅಯ್ಯೋ, ಈ ಏಳು ವರ್ಷ ಬೇಕಿರಲಿಲ್ಲ.

ಹನ್ನೆರಡಕ್ಕೆ ಒಪ್ಪಿಗೆಯಾಯಿತು. ಗುಮಾಸ್ತೆ ಅಕ್ಷಯ ತದಿಗೆಯಿಂದ ಅವತ್ತಿನ ತನಕ ಲೆಕ್ಕ ಹಾಕಿದಳು. ಬಡ್ಡಿ ಒಂದು ಲಕ್ಷ ಮೂವತ್ತಾರು ಸಾವಿರ ಚಿಲ್ಲರೆ. ಬರೆಯಲಿಕ್ಕೆ ಪೆನ್ನು ತೆಗೆದಾಗ, ಅಷ್ಟು ಹೊತ್ತು ತಲೆ ಎತ್ತದೆ ಕೂತಿದ್ದ ರತ್ನಾವತಿ ಒಂದು ನಿಮಿಷ ಅಂದಳು. ಅವಳ ಕಣ್ಣು ತುಂಬಿತ್ತು, ದನಿ ಸ್ಪಷ್ಟವಾಗಿತ್ತು.

“ಅದರಲ್ಲಿ ಎಂಟು ದಿನದ್ದು ಕಳೆಯಿರಿ. ಹತ್ತರಿಂದ ಹದಿನೆಂಟರವರೆಗಿನದ್ದು. ಆ ಎಂಟು ದಿನ ಅಕ್ಕ ನನಗೆ ಕೊಟ್ಟದ್ದು. ಅದಕ್ಕೆ ನಾನು ಬಡ್ಡಿ ತೆಗೆದುಕೊಳ್ಳುವುದಿಲ್ಲ.”

ಗುಮಾಸ್ತೆ ಕ್ಯಾಲ್ಕ್ಯುಲೇಟರ್ ಒತ್ತಿದಳು. ಮುನ್ನೂರ ತೊಂಬತ್ತನಾಲ್ಕು ರೂಪಾಯಿ. ಇಷ್ಟಕ್ಕೆ ಯಾಕೆ ಅನ್ನುವಂತೆ ಹಿರಿಯರ ಕಡೆ ನೋಡಿದಳು. ಹಿರಿಯರು, ಕಳೆಯಿರಿ, ಯಾಕೆ ಕಳೆದದ್ದು ಅಂತಲೂ ಬರೆಯಿರಿ ಅಂದರು.

ಕಾಗದ ತಯಾರಾಗಿ ಮಹಾದೇವಕ್ಕನ ಮುಂದೆ ಬಂತು. ಅಪ್ಪಾಸಾಹೇಬ ಅಭ್ಯಾಸದ ಬಲದಿಂದ ಸಹಿ ಹಾಕುವ ಜಾಗ ಬೆರಳಿಟ್ಟು ತೋರಿಸಿದ. ಅವಳು ಪೆನ್ನು ಎತ್ತಲಿಲ್ಲ. ಮೊದಲು ಓದಿ ಹೇಳಿರಿ ಅಂದಳು. ಅಪ್ಪಾಸಾಹೇಬ ಬೆರಳು ತೆಗೆದ. ಗುಮಾಸ್ತೆ ಓದಿದಳು, ಕೋರ್ಟಿನ ಮರಾಠಿಯ ಒಂದೊಂದು ಸಾಲನ್ನೂ ರತ್ನಾವತಿ ಪಕ್ಕದಲ್ಲಿ ಕೂತು ಕನ್ನಡದಲ್ಲಿ ಹೇಳುತ್ತ ಬಂದಳು. ಅಸಲು ಇಷ್ಟು, ಬಡ್ಡಿ ಇಷ್ಟು, ಕೊಡುವ ದಿನ ಇಂಥದು. ಕೊನೆಗೆ, ‘ಆಗಸ್ಟ್ ಹತ್ತರಿಂದ ಎಂಟು ದಿನದ ಬಡ್ಡಿ ಬಿಡಲಾಗಿದೆ, ಯಾಕೆಂದರೆ ಆ ಎಂಟು ದಿನವನ್ನು ಜಾಗದ ಒಡತಿ ಮಹಾದೇವಿ ತಾವೇ ಮಾತು ಕೊಟ್ಟು ಬಿಟ್ಟುಕೊಟ್ಟಿದ್ದರು.’

ಅದನ್ನು ಇನ್ನೊಂದು ಸಲ ಹೇಳಿರಿ ಬಾಯಾರ ಅಂತ ಮಹಾದೇವಕ್ಕ ಕೇಳಿದಳು. ರತ್ನಾವತಿ ಇನ್ನೊಂದು ಸಲ ಹೇಳಿದಳು. ಆಮೇಲೆ ಮಹಾದೇವಕ್ಕ ಸೆರಗಿಗೆ ಕೈ ಒರೆಸಿಕೊಂಡು ಸಹಿ ಹಾಕಿದಳು.